ಆರೋಪದ ವಿವರವೇ ಇಲ್ಲದ ನೋಟಿಸಿಗೆ ಪಂಚಾಯಿತಿ ಸದಸ್ಯರು ಹೇಗೆ ಉತ್ತರಿಸಬೇಕು?

ಪ್ರಶ್ನೆ:
ನನ್ನ ತಾಯಿ ಗ್ರಾಮ ಪಂಚಾಯಿತಿಯ ಚುನಾಯಿತ ಸದಸ್ಯೆ. ನಾಲ್ಕು ದಿನಗಳ ಹಿಂದೆ ಅವರಿಗೆ ಒಂದು ಹಾಳೆಯ ಕಾರಣ ಕೇಳುವ ನೋಟಿಸು ಬಂದಿದೆ. ‘ಕರ್ತವ್ಯ ನಿರ್ವಹಣೆಯಲ್ಲಿ ದುರ್ನಡತೆ ಎಸಗಿರುವುದು ಪರಿಶೀಲನಾ ವರದಿಯಿಂದ ಕಂಡುಬಂದಿರುತ್ತದೆ, ಏಳು ದಿನಗಳೊಳಗೆ ಲಿಖಿತ ಸಮಜಾಯಿಷಿ ನೀಡತಕ್ಕದ್ದು, ತಪ್ಪಿದಲ್ಲಿ 43-ಎ ಪ್ರಕರಣದಡಿ ಕ್ರಮ ಜರುಗಿಸಲಾಗುವುದು’ ಎಂದಷ್ಟೇ ಅದರಲ್ಲಿದೆ. ಯಾವ ಸಭೆ, ಯಾವ ಬಿಲ್ಲು, ಯಾವ ದಿನಾಂಕ ಎಂಬುದಿಲ್ಲ. ವರದಿಯ ಪ್ರತಿಯನ್ನೂ ಲಗತ್ತಿಸಿಲ್ಲ. ನಮ್ಮ ಸೋದರಮಾವ ಚರಂಡಿ ಕಾಮಗಾರಿಯೊಂದನ್ನು ಗುತ್ತಿಗೆ ಹಿಡಿದಿದ್ದರು. ಅದೇ ಕಾರಣವಿರಬಹುದೆಂದು ಊರಿನಲ್ಲಿ ಮಾತು. ಉತ್ತರ ಕೊಟ್ಟರೆ ತಪ್ಪೊಪ್ಪಿಕೊಂಡಂತಾಗುತ್ತದೆ, ನೇರವಾಗಿ ಹೈಕೋರ್ಟಿಗೆ ಹೋಗಿ ಎನ್ನುತ್ತಾರೆ ಕೆಲವರು. ತಿಳಿದವರು ದಾರಿ ತೋರಿಸಬೇಕೆಂದು ಕೋರುತ್ತೇನೆ.

ಉತ್ತರ 1:
ದಯವಿಟ್ಟು ಸುಮ್ಮನಿರಬೇಡಿ. ಗಡುವು ಮುಗಿದರೆ ‘ಅವಕಾಶ ನೀಡಿದರೂ ಹಾಜರಾಗಲಿಲ್ಲ’ ಎಂದು ಕಡತದಲ್ಲಿ ಒಂದು ಸಾಲು ಬರೆಯುವುದು ಬಹಳ ಸುಲಭ, ಅದನ್ನು ಅಳಿಸುವುದು ಬಹಳ ಕಷ್ಟ. ಬರಿಯ ನೋಟಿಸಿನ ಹಂತದಲ್ಲಿ ನ್ಯಾಯಾಲಯಗಳು ಸಾಮಾನ್ಯವಾಗಿ ಮಧ್ಯಪ್ರವೇಶಿಸುವುದಿಲ್ಲ. ಮೊದಲು ಉತ್ತರ ಕೊಡಿ ಎಂದೇ ಹೇಳಿ ಕಳಿಸುತ್ತವೆ.

ಉತ್ತರ 2:
ಮೇಲಿನ ಮಾತು ಸರಿ. ಆದರೆ ಉತ್ತರದಲ್ಲಿ ಏನಿರಬೇಕು ಎಂಬುದು ಅದಕ್ಕಿಂತ ಮುಖ್ಯ. ಕರ್ನಾಟಕದ 1993ರ ಪಂಚಾಯತ್ ರಾಜ್ ಅಧಿನಿಯಮದಲ್ಲಿ ಎರಡು ಬೇರೆ ಬೇರೆ ದಾರಿಗಳಿವೆ. ಪಂಚಾಯಿತಿಯ ಕಾಮಗಾರಿಯಲ್ಲಿ ಅಥವಾ ಗುತ್ತಿಗೆಯಲ್ಲಿ ಪಾಲು ಹೊಂದಿರುವುದು 12ನೇ ಪ್ರಕರಣದ (ಸೆಕ್ಷನ್ನಿನ) ಅನರ್ಹತೆ. ದುರ್ನಡತೆಗಾಗಿ ತೆಗೆದುಹಾಕುವುದು 43-ಎ. ಎರಡಕ್ಕೂ ಬೇಕಾಗುವ ಪುರಾವೆ ಒಂದೇ ಅಲ್ಲ. ಗುತ್ತಿಗೆದಾರ ಒಡಹುಟ್ಟಿದವನೆಂಬ ಒಂದೇ ಕಾರಣ ಸಾಲದು, ಲಾಭದಲ್ಲಿ ಸದಸ್ಯೆಗೆ ಪಾಲಿತ್ತೆಂದು ತೋರಿಸಬೇಕು ಎಂದು ನೀವು ವಾದಿಸಬಹುದು. ಆದರೆ ನೋಟಿಸಿನಲ್ಲಿ ಇಲ್ಲದ ಆರೋಪಕ್ಕೆ ಊರಿನ ಮಾತು ನಂಬಿ ಈಗಲೇ ವಿವರಣೆ ಕೊಡಲು ಹೋಗಬೇಡಿ. ಅವರು ಹೊರಿಸದ ಆರೋಪವನ್ನು ನೀವೇ ಬರೆದುಕೊಟ್ಟಂತಾಗುತ್ತದೆ.

43-ಎ ಅಡಿಯಲ್ಲಿ ತೆಗೆದುಹಾಕುವ ಮುನ್ನ ವಿಚಾರಣೆ ನಡೆಯಬೇಕು, ಸದಸ್ಯರ ಅಹವಾಲು ಕೇಳಬೇಕು. ಏನು ಆರೋಪವೆಂದು ತಿಳಿಯದವರಿಗೆ ಅಹವಾಲು ಹೇಳಿಕೊಳ್ಳುವ ಅವಕಾಶ ಕೊಟ್ಟೆವು ಎಂದರೆ ಅದಕ್ಕೆ ಅರ್ಥವಿಲ್ಲ. ಮಹಾರಾಷ್ಟ್ರದ ಉರಣ್ ನಗರ ಪರಿಷತ್ತಿನ ಅಧ್ಯಕ್ಷರ ಪ್ರಕರಣದಲ್ಲಿ 2012ರಲ್ಲಿ ಸುಪ್ರೀಂ ಕೋರ್ಟು, ಜನರಿಂದ ಆಯ್ಕೆಯಾದವರನ್ನು ಕೆಳಗಿಳಿಸುವುದು ಗಂಭೀರ ಸಂಗತಿ, ಅದರ ಕಾರ್ಯವಿಧಾನವನ್ನು ಕಟ್ಟುನಿಟ್ಟಾಗಿ ಪಾಲಿಸಬೇಕು ಎಂದು ಹೇಳಿ, ಅವರನ್ನು ತೆಗೆದುಹಾಕಿದ್ದ ಆದೇಶವನ್ನು ರದ್ದುಪಡಿಸಿತು. 2024ರಲ್ಲಿ ಜಳಗಾಂವ್ ಜಿಲ್ಲೆಯ ಮಹಿಳಾ ಸರಪಂಚರೊಬ್ಬರ (ಗ್ರಾಮ ಪಂಚಾಯಿತಿ ಅಧ್ಯಕ್ಷೆಯ) ಪ್ರಕರಣದಲ್ಲೂ ಅಧಿಕಾರಿಗಳ ಹಗುರ ಧೋರಣೆಯನ್ನು ಅದೇ ನ್ಯಾಯಾಲಯ ಆಕ್ಷೇಪಿಸಿತು. ನಿಮ್ಮ ತಾಯಿಯವರ ವಿಷಯದಲ್ಲಿ ಇವೆರಡನ್ನೂ ಧಾರಾಳವಾಗಿ ಉಲ್ಲೇಖಿಸಬಹುದು.

ಆದ್ದರಿಂದ ಆರೋಪಗಳನ್ನು ಮೊದಲೇ ನಿರಾಕರಿಸಿ, ಪರಿಶೀಲನಾ ವರದಿ ಮತ್ತು ಅದಕ್ಕೆ ಆಧಾರವಾದ ದಾಖಲೆಗಳ ಪ್ರತಿ ಕೇಳಿ, ಅವು ಕೈಸೇರಿದ ಮೇಲೆ ವಿವರವಾದ ಹೇಳಿಕೆ ಸಲ್ಲಿಸಲು ಕಾಲಾವಕಾಶವನ್ನೂ ಖುದ್ದು ವಿಚಾರಣೆಯನ್ನೂ ಕೋರಿ. ಇದು ಕಾಲಹರಣವಲ್ಲ, ನಿಮ್ಮ ಹಕ್ಕು. ಮುಂದೆ ಆದೇಶವಾದರೆ, ಅದರಲ್ಲಿ ಬರೆದ ಕಾರಣಗಳ ಮೇಲೆಯೇ ಅದು ನಿಲ್ಲಬೇಕು. ಕೋರ್ಟಿನಲ್ಲಿ ಪ್ರಮಾಣಪತ್ರ (ಅಫಿಡವಿಟ್) ಹಾಕಿ ಹೊಸ ಕಾರಣ ಸೇರಿಸುವಂತಿಲ್ಲವೆಂದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ 1977ರಷ್ಟು ಹಿಂದೆಯೇ ತೀರ್ಮಾನವಾಗಿದೆ.

ಉತ್ತರ 3:
ಒಂದು ಅಂಶ ಸೇರಿಸುತ್ತೇನೆ. ಗುತ್ತಿಗೆಯ ವಿಷಯ ಚುನಾವಣೆಗೆ ಮುಂಚಿನದಾಗಿದ್ದು, ನಿಮ್ಮ ತಾಯಿ ಸ್ಪರ್ಧಿಸಲಿಕ್ಕೇ ಅರ್ಹರಿರಲಿಲ್ಲ ಎಂಬುದು ನೋಟಿಸು ಕೊಟ್ಟವರ ವಾದವಾದರೆ, ಅದಕ್ಕೆ ಸರಿಯಾದ ದಾರಿ ಫಲಿತಾಂಶ ಘೋಷಣೆಯಾದ 30 ದಿನಗಳೊಳಗೆ ಹೂಡಬೇಕಾದ ಚುನಾವಣಾ ತಕರಾರು ಅರ್ಜಿ. ಹಾಗಾಗಿ ಕಾರ್ಯಾದೇಶದ ದಿನಾಂಕವನ್ನು ತಪ್ಪದೆ ನೋಡಿ. ಪಕ್ಷಾಂತರದ ಮಾತನ್ನು ಯಾರಾದರೂ ಎತ್ತಿದರೆ ಗಾಬರಿಯಾಗಬೇಡಿ. ನಮ್ಮಲ್ಲಿ ಗ್ರಾಮ ಪಂಚಾಯಿತಿ ಚುನಾವಣೆ ಪಕ್ಷರಹಿತ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಕೃತಜ್ಞತೆಗಳು. ಇಂದು ಬೆಳಿಗ್ಗೆ ತಾಯಿಯವರ ಸಹಿ ಹಾಕಿಸಿ, ದಾಖಲೆಗಳನ್ನೂ ಕಾಲಾವಕಾಶವನ್ನೂ ಕೋರಿ ಪತ್ರ ಕೊಟ್ಟಿದ್ದೇನೆ. ನಮ್ಮ ಪ್ರತಿಯ ಮೇಲೆ ಮೊಹರು, ದಿನಾಂಕ ಮತ್ತು ಸ್ವೀಕರಿಸಿದವರ ಸಹಿ ಇದೆ. ಇನ್ನೊಂದು ಪ್ರತಿಯನ್ನು ಸ್ಪೀಡ್ ಪೋಸ್ಟಿನಲ್ಲೂ ಕಳಿಸಿದ್ದೇನೆ.