ಪದಚರ್ಚೆ: ಫ್ರೆಂಚಿನ ‘ಸಗೋಂ ರೋಲ್’ಗೆ ‘ಪೋಷಕ ನಟ’ ಸಾಕೇ?

ಪ್ರಶ್ನೆ: ಫ್ರೆಂಚ್ ವಾಕ್ಚಿತ್ರಗಳ ಮೊದಲ ದಶಕದ ನಟ ಗಾಸ್ತೋಂ ಮೊದೋ (1887–1970) ಕುರಿತ ಬರಹವೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ‘ಸಗೋಂ ರೋಲ್’, ‘ಸಗೋಂ ಕೂತೋ’ ಎಂಬ ಮಾತುಗಳು ಮತ್ತೆ ಮತ್ತೆ ಬರುತ್ತವೆ. ಎರಡಕ್ಕೂ ‘ಪೋಷಕ ನಟ’ ಎನ್ನಬಹುದೇ? ಯಕ್ಷಗಾನದ ‘ಎರಡನೇ ವೇಷ’ ಹೊಂದೀತೇ? ಬಲ್ಲವರು ತಿಳಿಸಿ.

ಉತ್ತರ: ‘ಎರಡನೇ ವೇಷ’ ಖಂಡಿತ ಬೇಡ ಸರ್. ಯಕ್ಷಗಾನದ ಬಡಗು ಶೈಲಿಯಾದ ಬಡಗುತಿಟ್ಟಿನಲ್ಲಿ ಹಾಡುವ ಭಾಗವತರೇ ಮೊದಲನೇ ವೇಷ. ಎರಡನೇ ವೇಷ ಎಂದರೆ ಮೇಳದ ಪ್ರಧಾನ ವೇಷಧಾರಿ. ಆಟ ನೋಡಿದವರಿಗೆ ಅರ್ಥ ತಿರುವುಮುರುವಾಗುತ್ತದೆ.

‘ಸಗೋಂ’ ಎಂದರೆ ಎರಡನೆಯ, ‘ರೋಲ್’ ಎಂದರೆ ಪಾತ್ರ. ಆ ಮಾತು ಮೊದಲು ಹೆಸರಿಸುವುದು ಪಾತ್ರವನ್ನು. ನಟನಿಗೆ ಅಂಟಿದ್ದು ಆಮೇಲೆ. ನಮ್ಮ ‘ಪೋಷಕ ನಟ’ ನೇರವಾಗಿ ಆಳಿನ ಮೇಲೇ ಕೂರುತ್ತದೆ. ಮೊದೋ ವಿಷಯದಲ್ಲಿ ಇದು ಸಣ್ಣ ವ್ಯತ್ಯಾಸವಲ್ಲ. 1930ರಲ್ಲಿ ಬಂದ ಎರಡು ಚಿತ್ರಗಳನ್ನೇ ನೋಡಿ. ನಿರ್ದೇಶಕ ಬುನ್ಯುಯೆಲ್‌ರ ‘ಲಾಜ್ ದೋರ್’ನಲ್ಲಿ ಆತ ನಾಯಕ, ರೆನೆ ಕ್ಲೇರ್‌ರ ‘ಸು ಲೆ ತ್ವಾ ದ ಪಾರಿ’ಯಲ್ಲಿ ಬೀದಿ ಗಾಯಕನಿಗೆ ಎದುರು ನಿಲ್ಲುವ ಫ್ರೆಡ್ ಎಂಬ ಪೋಕರಿ. ಆದ್ದರಿಂದ ‘ಪೋಷಕ ಪಾತ್ರ’ ಎಂದು ಬರೆಯಿರಿ, ಯಾವ ಚಿತ್ರದಲ್ಲಿ ಎಂದೂ ಸೇರಿಸಿ. ಬಿಡಿಯಾಗಿ ಬಂದರೆ ‘ಪೋಷಕ’ ಎಂಬುದನ್ನು ಓದುಗರು ತಂದೆತಾಯಿ ಎಂದೇ ಓದುತ್ತಾರೆ, ಶಾಲೆಯ ಅರ್ಜಿಗಳಿಂದಾದ ಅಭ್ಯಾಸ.

‘ಉಪಪಾತ್ರ’, ‘ಚಿಕ್ಕ ಪಾತ್ರ’ ಇನ್ನೂ ತಪ್ಪು. ನಿರ್ದೇಶಕ ರೆನ್ವಾರ್‌ರ 1939ರ ‘ಲಾ ರೆಗ್ಲ್ ದ್ಯು ಜು’ದಲ್ಲಿ ಮೊದೋ ಬೇಟೆಕಾಡಿನ ಕಾವಲುಗಾರ ಶುಮಾಕರ್. ಹೆಂಡತಿಯ ಹಿಂದೆ ಬಿದ್ದ ಕಳ್ಳಬೇಟೆಗಾರನನ್ನು ಪಿಸ್ತೂಲು ಹಿಡಿದು ಅತಿಥಿಗಳ ನಡುವೆಯೇ ಅಟ್ಟಾಡಿಸುತ್ತಾನೆ. ಕೊನೆಗೆ ಆಳು ತಪ್ಪಿ ಹಾರಿಸಿದ ಅವನ ಗುಂಡೇ ಕಥೆಯನ್ನು ಮುಗಿಸುವುದು. ಅದನ್ನು ಚಿಕ್ಕದೆಂದರೆ ಅನ್ಯಾಯ. ನಿಜಕ್ಕೂ ಚಿಕ್ಕದಕ್ಕೆ ಫ್ರೆಂಚಿನಲ್ಲಿ ಬೇರೆಯೇ ಪದಗಳಿವೆ: ಕೆಲವೇ ಮಾತಿನದು ‘ಪೆತಿ ರೋಲ್’, ಕ್ಷಣಮಾತ್ರ ಕಂಡು ಹೋಗುವ, ಆದರೆ ಗುರುತು ಹತ್ತುವ ಆಕೃತಿ ‘ಸಿಲುಎತ್’, ಗುಂಪಿನಲ್ಲಿ ನಿಲ್ಲುವವನು ‘ಫಿಗ್ಯುರಾಂ’, ನಮ್ಮ ಚಿತ್ರರಂಗದವರ ಜೂನಿಯರ್ ಆರ್ಟಿಸ್ಟ್.

‘ಸಗೋಂ ಕೂತೋ’ ಅಕ್ಷರಶಃ ಎರಡನೇ ಚಾಕು. ಪುಂಡರ ಗುಂಪಿನಲ್ಲಿ ಮುಖಂಡನ ಕೆಳಗಿನವನು, ಹಾಗೆಯೇ ಅಂಥ ಪಾತ್ರಗಳಲ್ಲಿ ಪಳಗಿದ ನಟ. ‘ವಿಲನ್ ಚೇಲಾ’ ಎಂದರೆ ಎಲ್ಲರಿಗೂ ತಿಳಿಯುತ್ತದೆ. ಆದರೆ ಫ್ರೆಡ್ ಯಾರ ಕೆಳಗಿನವನೂ ಅಲ್ಲ, ಅವನೇ ಗುಂಪಿನ ಯಜಮಾನ. ಮೂಲ ಲೇಖಕರು ಅವನಿಗೂ ಈ ಪದ ಬಳಸಿದ್ದರೆ ‘ಪೋಕರಿ ಪಾತ್ರಗಳ ನಟ’ ಎಂದು ಬಿಡಿಸಿ ಬರೆಯಿರಿ.

ಇನ್ನೊಂದು ಎಡವುವ ಜಾಗವಿದೆ. ರೆನ್ವಾರ್‌ರ 1937ರ ಯುದ್ಧಕೈದಿಗಳ ಚಿತ್ರದಲ್ಲಿ ಮೊದೋ ‘ಕಾದಾಸ್ತ್ರ್’ನ ಎಂಜಿನಿಯರ್. ಅದು ಊರಿನ ಹೆಸರಲ್ಲ; ಜಮೀನಿನ ಗಡಿ, ಒಡೆತನ, ತೆರಿಗೆಗಾಗಿ ಇಡುವ ದಾಖಲೆ. ‘ಭೂಮಾಪನ ಇಲಾಖೆಯ ಎಂಜಿನಿಯರ್’ ಸರಿಹೋಗುತ್ತದೆ.