ಉಪ್ಪುನೀರಿನ ಈಜುಕೊಳ: ಹಳೇ ಸಮುದ್ರದ ನೀರಿನ ಕೊಳಕ್ಕೂ ಈಗಿನ ಸಾಲ್ಟ್ ಸಿಸ್ಟಮ್‌ಗೂ ಏನು ಸಂಬಂಧ?

ಜೆಪಿನಗರ_ಪೂಲ್‌ಕಮಿಟಿ

ನಮ್ಮ ಅಪಾರ್ಟ್‌ಮೆಂಟಿನ ಪೂಲ್ 1 ಲಕ್ಷ ಲೀಟರಿನದು, ಬೋರ್ ನೀರು. ಸಾಲ್ಟ್ ಸಿಸ್ಟಮ್ ಮಾರಲು ಬಂದ ವೆಂಡರ್ ಸ್ಯಾನ್ ಫ್ರಾನ್ಸಿಸ್ಕೋದ ಫ್ಲೀಶ್‌ಹ್ಯಾಕರ್ ಪೂಲಿನ ಹಳೇ ಫೋಟೊ ತೋರಿಸಿ, ಉಪ್ಪುನೀರಿಗೆ ಕ್ಲೋರಿನ್ನೇ ಬೇಡ ಅನ್ನುತ್ತಿದ್ದಾರೆ. ಆ ಕೊಳದ ಇತಿಹಾಸ ಏನು, ಯಾಕೆ ಮುಚ್ಚಿತು? ಅದಕ್ಕೂ ನಮಗೆ ಮಾರುತ್ತಿರುವುದಕ್ಕೂ ಹೋಲಿಕೆ ಇದೆಯೇ?

ಕೊಳದ_ಕಡತ

ಫ್ಲೀಶ್‌ಹ್ಯಾಕರ್ ಪೂಲ್ ತೆರೆದದ್ದು 1925ರಲ್ಲಿ, ಪೆಸಿಫಿಕ್ ಸಮುದ್ರದ ದಂಡೆಯಲ್ಲೇ. ಉದ್ದ 1000 ಅಡಿ, ಅಗಲ 150 ಅಡಿ, ಹಿಡಿಯುತ್ತಿದ್ದ ನೀರು ಸುಮಾರು 2.46 ಕೋಟಿ ಲೀಟರ್. ಲೈಫ್‌ಗಾರ್ಡ್‌ಗಳು ದೋಣಿಯಲ್ಲಿ ಸುತ್ತು ಹಾಕುತ್ತಿದ್ದರು. ಭರತದ ಹೊತ್ತಿಗೆ ಸಮುದ್ರದ ನೀರನ್ನು ಪಂಪ್ ಮಾಡಿ, ಸೋಸಿ, ಬಿಸಿ ಮಾಡಿ ಒಳಕ್ಕೆ ಬಿಡುವ ಏರ್ಪಾಡು. ಬಾಯ್ಲರಿನ ತಾಕತ್ತು ನಿಮಿಷಕ್ಕೆ 2800 ಗ್ಯಾಲನ್, ಅಂದರೆ ಸುಮಾರು 10,600 ಲೀಟರ್. ಲೆಕ್ಕ ಹಾಕಿ ನೋಡಿ: ಎಲ್ಲವೂ ಸರಿಯಾಗಿ ಓಡಿದರೂ ಕೊಳದಷ್ಟು ನೀರು ಒಂದು ಸಲ ಬಾಯ್ಲರ್ ದಾಟಲು 39 ಗಂಟೆ ಹತ್ತಿರ ಬೇಕು. ಆ ಮಂಜಿನ ಊರಲ್ಲಿ ಅಷ್ಟು ನೀರನ್ನು ಬೆಚ್ಚಗಿಡುವುದು ಎಂಥ ಖರ್ಚಿನ ಕೆಲಸ ಅಂತ ಇದರಲ್ಲೇ ಗೊತ್ತಾಗುತ್ತದೆ.

ಅದನ್ನು ಕೊನೆಗೆ ಮುಗಿಸಿದ್ದು ಒಂದು ಪೈಪು. ರಿಪೇರಿಗೆ ದುಡ್ಡಿಲ್ಲದೆ ವರ್ಷಗಟ್ಟಲೆ ಸೊರಗಿದ್ದ ಕೊಳಕ್ಕೆ 1971ರ ಜನವರಿಯ ಬಿರುಗಾಳಿ ಬಡಿದು, ನೀರು ಸಮುದ್ರಕ್ಕೆ ಹೋಗುವ ಕೊಳವೆಯೇ ಹಾಳಾಯಿತು. ಸಿಹಿನೀರಿಗೆ ಬದಲಾಯಿಸಿ ನೋಡಿದರು, ನೀರು ಕೆಟ್ಟಿತು, ಅದೇ ವರ್ಷ ಮುಚ್ಚಿದರು. ಜಾಗ ಮೃಗಾಲಯಕ್ಕೆ ಸೇರಿತು, ಕೊಳವನ್ನು ಕಲ್ಲು, ಜಲ್ಲಿ ತುಂಬಿಸಿ ಮುಚ್ಚಿಬಿಟ್ಟರು. ಇಂಥ ಕೊಳ ಉಳಿಯಲೇ ಆಗದು ಅಂತಲ್ಲ. ಇಂಗ್ಲೆಂಡಿನ ಪೆನ್‌ಜಾನ್ಸ್‌ನ ಜುಬಿಲಿ ಪೂಲ್ 1935ರದು. 2014ರ ಬಿರುಗಾಳಿಗೆ ಒಡೆದದ್ದನ್ನು ದುರಸ್ತಿ ಮಾಡಿ 2016ರಲ್ಲಿ ಮತ್ತೆ ತೆರೆದರು.

ಮುಖ್ಯ ವಿಷಯ ಏನೆಂದರೆ, ಸಮುದ್ರದ ನೀರಿನ ಕೊಳ ನಡೆಯುವುದು ಹೊಸ ನೀರು ಬರುವುದರಿಂದ, ಹಳೇದು ಹೋಗುವುದರಿಂದ. ಉಪ್ಪು ಅಲ್ಲಿ ನೀರಿನ ಜೊತೆ ಬಂದದ್ದು ಅಷ್ಟೇ, ಸೋಂಕು ತಡೆಯುವ ಕೆಲಸ ಅದರದ್ದಲ್ಲ.

ಪಂಪ್‌ರೂಮ್

ವೆಂಡರ್ ಮಾತು ತಪ್ಪು. ಸಾಲ್ಟ್ ಸಿಸ್ಟಮ್ ಅಂದರೆ ಕ್ಲೋರಿನ್ ತಯಾರಿಸುವ ಯಂತ್ರ. ಸಮುದ್ರದ ನೀರಲ್ಲಿ ಲೀಟರಿಗೆ ಸುಮಾರು 35 ಗ್ರಾಂ ಉಪ್ಪು, ಇಲ್ಲಿ ಸಾಕಾಗುವುದು 3ರಿಂದ 4 ಗ್ರಾಂ. ಯಂತ್ರದ ‘ಸೆಲ್’ ಅನ್ನುವ ಭಾಗದೊಳಗೆ ಟೈಟಾನಿಯಂ ಪ್ಲೇಟುಗಳ ಮಧ್ಯೆ ಕರೆಂಟ್ ಹರಿದಾಗ ಕ್ಲೋರೈಡ್ ಕ್ಲೋರಿನ್ ಆಗುತ್ತದೆ, ಕೆಲಸ ಮುಗಿದ ಮೇಲೆ ಬಹುಪಾಲು ಮತ್ತೆ ಕ್ಲೋರೈಡೇ ಆಗುತ್ತದೆ. ಹಾಗಾಗಿ ಉಪ್ಪು ಖಾಲಿಯಾಗುವುದಿಲ್ಲ. ಬ್ಯಾಕ್‌ವಾಶ್ (ನೀರನ್ನು ಹಿಮ್ಮುಖವಾಗಿ ಹರಿಸಿ ಫಿಲ್ಟರ್ ತೊಳೆಯುವುದು), ಸೋರಿಕೆ, ಚೆಲ್ಲಿದ ನೀರಲ್ಲಿ ಮಾತ್ರ ಹೋಗುತ್ತದೆ.

ನಿಮ್ಮ ಪೂಲಿಗೆ ಲೀಟರಿಗೆ 3.5 ಗ್ರಾಂನಂತೆ 350 ಕೆಜಿ ಬೇಕು. ಅಯೋಡಿನ್ ಇಲ್ಲದ, ಗಂಟು ತಡೆಯುವ ಪುಡಿ ಬೆರೆಸದ ಉಪ್ಪು ತನ್ನಿ. ಮೊದಲು 250 ಕೆಜಿ ಹಾಕಿ, ಸೆಲ್ ಆಫ್ ಇಟ್ಟು, ಪಂಪನ್ನು 24 ಗಂಟೆ ಓಡಿಸಿ, ಕ್ಲೋರೈಡ್ ಸ್ಟ್ರಿಪ್‌ನಲ್ಲಿ ಅಳೆದು ಉಳಿದದ್ದು ಹಾಕಿ. ಟಿಡಿಎಸ್ (ನೀರಲ್ಲಿ ಕರಗಿದ ಒಟ್ಟು ಲವಣ) ಮೀಟರನ್ನು ನಂಬಬೇಡಿ, ಬೋರ್ ನೀರಿನ ಸುಣ್ಣವನ್ನೂ ಅದು ಸೇರಿಸಿಯೇ ತೋರಿಸುತ್ತದೆ.

ದಿನಕ್ಕೆ 3 ಪಿಪಿಎಂ (ಲೀಟರಿಗೆ 3 ಮಿಲಿಗ್ರಾಂ) ಕ್ಲೋರಿನ್ ಬೇಕೆಂದರೆ 300 ಗ್ರಾಂ. ಗಂಟೆಗೆ 25 ಗ್ರಾಂ ಕೊಡುವ ಸೆಲ್ 12 ಗಂಟೆ ಓಡಬೇಕು. ಕರೆಂಟ್ ಹೋಗಿ ಪಂಪ್ ನಿಂತರೆ ಕ್ಲೋರಿನ್ನೂ ನಿಂತಿತು, ಆದ್ದರಿಂದ ಪಂಪು, ಸೆಲ್ ಎರಡೂ ಡಿಜಿ (ಜನರೇಟರ್) ಲೈನಿನಲ್ಲಿರಲಿ. ನೀರಿನ ಹರಿವು ನಿಂತರೆ ಸೆಲ್ ಆಫ್ ಮಾಡುವ ಫ್ಲೋ ಸ್ವಿಚ್ ಇಲ್ಲದ ಯಂತ್ರ ಬೇಡವೇ ಬೇಡ: ನೀರು ನಿಂತ ಮೇಲೂ ಸೆಲ್ ಓಡಿದರೆ ಒಳಗೆ ಹೈಡ್ರೋಜನ್ ಕೂಡಿಕೊಳ್ಳುತ್ತದೆ, ಸ್ಫೋಟದ ಅಪಾಯ. ಬಿಸಿಲಿಗೆ ಕ್ಲೋರಿನ್ ಹಾರದಂತೆ ಸಯನ್ಯೂರಿಕ್ ಆಸಿಡ್ 30ರಿಂದ 50 ಪಿಪಿಎಂ ಇರಲಿ. ಪಿಎಚ್ ಏರುತ್ತಲೇ ಇರುತ್ತದೆ, 7.6 ದಾಟದಂತೆ ಹೈಡ್ರೋಕ್ಲೋರಿಕ್ ಆಸಿಡ್ ಹಾಕುತ್ತಿರಬೇಕು.

ಬೋರ್ ನೀರಿನ ನಿಜವಾದ ಕಾಟ ಸೆಲ್ಲಿನಲ್ಲಿ. ಗಡಸುತನ 400 ಪಿಪಿಎಂ ಮೀರಿದರೆ ಪ್ಲೇಟುಗಳ ಮಧ್ಯೆ ಬಿಳಿ ಪದರ ಬೇಗ ಕಟ್ಟುತ್ತದೆ, ಯಂತ್ರ ಉಪ್ಪು ಕಡಿಮೆ ಅಂತ ಸುಳ್ಳು ಹೇಳುತ್ತದೆ, ಜನ ಇನ್ನೊಂದು ಮೂಟೆ ಸುರಿಯುತ್ತಾರೆ. ಮೊದಲು ಸೆಲ್ ಬಿಚ್ಚಿ ನೋಡಿ. 10 ಪಾಲು ನೀರಿಗೆ 1 ಪಾಲು ಹೈಡ್ರೋಕ್ಲೋರಿಕ್ ಆಸಿಡ್ (ನೀರಿಗೆ ಆಸಿಡ್, ತಿರುಗಾಮುರುಗಾ ಬೇಡ), 10 ನಿಮಿಷ ನೆನೆಸಿ, ತೊಳೆಯಿರಿ. ಸ್ಕ್ರೂಡ್ರೈವರ್‌ನಿಂದ ಕೆರೆದರೆ ಪ್ಲೇಟಿನ ಲೇಪನ ಹೋಗುತ್ತದೆ, ಸೆಲ್ಲೂ ಹೋದಂತೆ.

ಜೆಪಿನಗರ_ಪೂಲ್‌ಕಮಿಟಿ

ತುಂಬಾ ಉಪಯೋಗ ಆಯ್ತು. ಬ್ಯಾಕ್‌ವಾಶ್ ನೀರು ಈಗ ತೋಟಕ್ಕೆ, ಹೆಚ್ಚಾದದ್ದು ಇಂಗುಗುಂಡಿಗೆ ಹೋಗುತ್ತಿದೆ. ಹಾಗೇ ಬಿಡಬಹುದಾ?

ಕೊಳದ_ಕಡತ

ದಯವಿಟ್ಟು ಬಿಡಬೇಡಿ. ನೀರಾವರಿ ನೀರಿಗೆ ಸಿಪಿಸಿಬಿ (ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ) ಇಟ್ಟಿರುವ ವಾಹಕತೆಯ (ಉಪ್ಪು ಹೆಚ್ಚಿದಷ್ಟೂ ಏರುವ ಅಳತೆ) ಮಿತಿ ಸೆಂಟಿಮೀಟರಿಗೆ 2250 ಮೈಕ್ರೋಸೀಮೆನ್ಸ್. 3.5 ಗ್ರಾಂ ಉಪ್ಪಿನ ನೀರು 6500ರ ಆಸುಪಾಸಿನಲ್ಲಿರುತ್ತದೆ. ಹುಲ್ಲು ಸುಡುತ್ತದೆ, ಮಣ್ಣು ಗಟ್ಟಿಯಾಗುತ್ತದೆ, ಇಂಗುಗುಂಡಿಗೆ ಬಿಟ್ಟರೆ ನಿಮ್ಮದೇ ಬೋರಿಗೆ ಉಪ್ಪು ಇಳಿಯುತ್ತದೆ. ಎಸ್‌ಟಿಪಿಗೆ (ಅಪಾರ್ಟ್‌ಮೆಂಟಿನ ಕೊಳಚೆ ನೀರು ಶುದ್ಧೀಕರಣ ಘಟಕ) ಸೇರಿಸಿದರೂ ಉಪ್ಪು ಹೋಗುವುದಿಲ್ಲ, ಫ್ಲಶ್ ನೀರಿನಲ್ಲಿ ಸುತ್ತುತ್ತಲೇ ಇರುತ್ತದೆ. ಪೆಸಿಫಿಕ್ ದಂಡೆಯ ಕೊಳಕ್ಕೇ ನೀರು ಹೊರಹೋಗುವ ದಾರಿ ಕೆಟ್ಟದ್ದು ಕುತ್ತಾಯಿತು. ಬೆಂಗಳೂರಿಗೆ ಸಮುದ್ರವೇ ಇಲ್ಲ.

ಒಳಚರಂಡಿ ಲೈನಿಗೆ ಬಿಡಲು ಜಲಮಂಡಳಿಯ ಒಪ್ಪಿಗೆ ಸಿಗುತ್ತದೆಯೇ ಅಂತ ಮೊದಲು ಬರಹದಲ್ಲಿ ಕೇಳಿ. ಸಿಗದಿದ್ದರೆ ಈ ಯೋಜನೆ ಕೈಬಿಡಿ, ಈಗಿನ ಪದ್ಧತಿಗೇ ಕ್ಲೋರಿನ್ ತಾನಾಗಿ ಅಳೆದು ಹಾಕುವ ಒಂದು ಆಟೋಮ್ಯಾಟಿಕ್ ಡೋಸಿಂಗ್ ಪಂಪ್ ಹಾಕಿಸಿ.

ಪಂಪ್‌ರೂಮ್

ಇದಕ್ಕೆ ನನ್ನ ಒಪ್ಪಿಗೆಯೂ ಇದೆ. ಒಪ್ಪಿಗೆ ಸಿಕ್ಕಿದರೆ, ಏಣಿ, ಹಿಡಿಕೆ ಯಾವ ಸ್ಟೀಲ್ ಅಂತ ನೋಡಿ. 304 ದರ್ಜೆಯದಾಗಿದ್ದರೆ ವೆಲ್ಡಿಂಗ್ ಹತ್ತಿರ ಕಂದು ಚುಕ್ಕೆ ಬರುತ್ತದೆ, ಉಪ್ಪು ಹೆಚ್ಚು ತಡೆಯುವ 316 ದರ್ಜೆಗೆ ಬದಲಾಯಿಸುವ ಖರ್ಚನ್ನು ಕೊಟೇಶನ್‌ನಲ್ಲೇ ಸೇರಿಸಿಸಿ.