ಬೀಜೋಕ್ತಿಗಳ ವ್ಯವಕಲನವನ್ನು ಮಗಳಿಗೆ ಹೇಗೆ ಹೇಳಿಕೊಡಲಿ?

ಉಡುಪಿಯಿಂದ, ತಾಯಿಯೊಬ್ಬರು:
ಏಳನೆಯ ತರಗತಿಯ ನನ್ನ ಮಗಳು ಬೀಜೋಕ್ತಿಗಳನ್ನು (ಅಕ್ಷರಗಳೂ ಸಂಖ್ಯೆಗಳೂ ಸೇರಿದ ಗಣಿತದ ಉಕ್ತಿಗಳನ್ನು) ಕೂಡಿಸುವಾಗ ಎಡವುವುದಿಲ್ಲ. ಕಳೆಯುವಾಗ ಮಾತ್ರ ಆವರಣದೊಳಗಿನ ಮೊದಲ ಪದದ ಚಿಹ್ನೆಯನ್ನಷ್ಟೇ ಬದಲಿಸಿ ಉಳಿದವನ್ನು ಹಾಗೆಯೇ ಬರೆಯುತ್ತಾಳೆ. ನಿಯಮವನ್ನು ಹೇಳಿ ಹೇಳಿ ಸೋತಿದ್ದೇನೆ. ಮಕ್ಕಳಿಗೆ ಇದನ್ನು ಮನದಟ್ಟು ಮಾಡಿಸಿದವರು ದಯವಿಟ್ಟು ತಿಳಿಸಬೇಕು.

ಶಿರ್ವದಿಂದ, ಮಲ್ಲಿಗೆ ಬೆಳೆಯುವ ಮನೆಯವರು:
ನಮ್ಮ ಮಗನಿಗೂ ಇದೇ ತೊಡಕಿತ್ತು. ಹೂವಿನ ಲೆಕ್ಕದಿಂದ ಅದು ಬಿಡಿಸಿಕೊಂಡಿತು. ಶಂಕರಪುರ ಮಲ್ಲಿಗೆಯ ಅಟ್ಟೆಗೆ (ನಮ್ಮಲ್ಲಿ ಕಟ್ಟಿದ ಹೂವನ್ನು ಮಾರುವ ಅಳತೆ) ದಿನಕ್ಕೊಂದು ದರವಿರುವುದರಿಂದ ಆ ದರವನ್ನು ‘ಮ’ ಎಂದೂ, ಜಾಜಿಯ ಅಟ್ಟೆಯ ದರವನ್ನು ‘ಜ’ ಎಂದೂ ಬರೆಯಿಸಿದೆ. (ಅಕ್ಷರವು ನಿಂತಿರುವುದು ಹೂವಿನ ಬೆಲೆಗೆ, ಹೂವಿಗಲ್ಲ ಎಂದು ಮೊದಲೇ ಒತ್ತಿ ಹೇಳಬೇಕು, ಇಲ್ಲವಾದರೆ ಮುಂದೆ ಗುಣಾಕಾರ ಬಂದಾಗ ಮಲ್ಲಿಗೆಯನ್ನು ಜಾಜಿಯಿಂದ ಗುಣಿಸುವುದು ಹೇಗೆಂದು ಮಕ್ಕಳು ಕಂಗಾಲಾಗುತ್ತಾರೆ.) ನಮ್ಮ ಹೂವಿನ ಜೊತೆ ನೆರೆಮನೆಯವರ ಹೂವನ್ನೂ ಒಯ್ದು ಮಾರಿದಾಗ ಒಟ್ಟು 8ಮ + 4ಜ ಬಂತೆನ್ನೋಣ. ಅದರಲ್ಲಿ ನೆರೆಯವರ ಹೂವಿನದು 3ಮ + 2ಜ. ಸಾಗಿಸಿದ್ದಕ್ಕೆ 50 ರೂಪಾಯಿ ಹಿಡಿದುಕೊಳ್ಳುವ ಮಾತಾಗಿರುವುದರಿಂದ ಅವರ ಕೈಗೆ ಸಲ್ಲುವುದು 3ಮ + 2ಜ − 50. ಹಾಗಾದರೆ ನಮಗೆ ಉಳಿಯುವುದು (8ಮ + 4ಜ) − (3ಮ + 2ಜ − 50). ಅವರಿಗೆ ಕೊಡುವುದರಲ್ಲಿ ಕಡಿತವಾದ 50 ನಮ್ಮಲ್ಲೇ ಉಳಿಯುತ್ತದಲ್ಲ ಎಂದು ಮಗನೇ ಕೇಳಿದ. ಉತ್ತರ 5ಮ + 2ಜ + 50 ಎಂದು ಬರೆದುಕೊಂಡ. ಚಿಹ್ನೆಯ ನಿಯಮವನ್ನು ನಾನು ಬಾಯಿಬಿಟ್ಟು ಹೇಳಬೇಕಾಗಲೇ ಇಲ್ಲ.

ಮಂಗಳೂರಿನಿಂದ, ನಿವೃತ್ತ ಗಣಿತ ಶಿಕ್ಷಕರು:
ಹೂವಿನ ಲೆಕ್ಕ ಸೊಗಸಾಗಿದೆ. ಅದನ್ನು ತಾಳೆ ನೋಡುವುದನ್ನೂ ಕಲಿಸಿ. ಮ = 400, ಜ = 200 ಎಂದಿಟ್ಟರೆ 4000ದಿಂದ 1550 ಕಳೆದು 2450 ಉಳಿಯುತ್ತದೆ; 5ಮ + 2ಜ + 50 ಕೂಡ 2450 ಆಗುತ್ತದೆ. ಕೊನೆಯಲ್ಲಿ − 50 ಎಂದು ಬರೆದಿದ್ದರೆ 2350 ಬರುತ್ತಿತ್ತು, ಅಂದರೆ ಚಿಹ್ನೆ ತಪ್ಪಿದ ಪದದ ಇಮ್ಮಡಿಯಷ್ಟು ವ್ಯತ್ಯಾಸ. ತಪ್ಪು ಯಾವ ಪದದಲ್ಲಿದೆ ಎಂದು ಹುಡುಕಲು ನಾನು ತರಗತಿಯಲ್ಲಿ ಇದನ್ನೇ ಸುಳಿವಾಗಿ ಬಳಸುತ್ತಿದ್ದೆ. ಕಳೆಯಬೇಕಾದ ಧನವು ಋಣವಾಗುತ್ತದೆ, ಋಣವು ಧನವಾಗುತ್ತದೆ, ಆಮೇಲೆ ಕೂಡಿಸುವುದಷ್ಟೇ ಎಂದು 12ನೆಯ ಶತಮಾನದಲ್ಲಿ ಭಾಸ್ಕರಾಚಾರ್ಯರು ಬರೆದಿದ್ದಾರೆ. ಒಂದೇ ಜಾತಿಯವುಗಳನ್ನು ಮಾತ್ರ ಕೂಡಿಸಿ ಕಳೆಯಬೇಕು, ಬೇರೆ ಜಾತಿಯವುಗಳನ್ನು ಪ್ರತ್ಯೇಕವಾಗಿಡಬೇಕು ಎಂಬುದೂ ಅವರಲ್ಲಿದೆ. ನಮ್ಮ ‘ಸಜಾತಿ ಪದ’ಗಳ ಪಾಠವೂ ಅದೇ.

ಸುರತ್ಕಲ್‌ನಿಂದ, ತಂದೆಯೊಬ್ಬರು:
ನಮ್ಮ ಮಗಳ ತಪ್ಪು ಬೇರೆಡೆ ಇತ್ತು. ‘2ಮ − 3ಜ ಅನ್ನು 7ಮ + ಜ ಇಂದ ಕಳೆಯಿರಿ’ ಎಂದಿದ್ದರೆ, ಮೊದಲು ಕಣ್ಣಿಗೆ ಬಿದ್ದ 2ಮ − 3ಜ ಅನ್ನೇ ಮೇಲಿನ ಸಾಲಿನಲ್ಲಿ ಬರೆದುಬಿಡುತ್ತಿದ್ದಳು. ಆಮೇಲೆ ಚಿಹ್ನೆಗಳನ್ನೆಲ್ಲ ಸರಿಯಾಗಿ ಬದಲಿಸಿದರೂ ಉತ್ತರ ತಲೆಕೆಳಗಾಗಿ −5ಮ − 4ಜ ಬರುತ್ತಿತ್ತು. ಈಗ ‘ಇಂದ’ ಹತ್ತಿದ ಬೀಜೋಕ್ತಿಗೆ ಅಡಿಗೆರೆ ಎಳೆದು ಅದನ್ನೇ ಮೇಲೆ ಬರೆಯುತ್ತಾಳೆ. 5ಮ + 4ಜ ಬರುತ್ತಿದೆ.